ಉಷ್ಟ್ರಪಕ್ಷಿಯ ಚಿಪ್ಪು ಮತ್ತು ಮಲಪ್ರಭೆಯ ಕಣಿವೆ

ಐಹೊಳೆಯ ದುರ್ಗದ ಗುಡಿಯ ಬಾಗಿಲವಾಡದ ಮೇಲೆ ಹಾವುಗಳ ಬಾಲ ಹಿಡಿದ ಗರುಡನಿದ್ದಾನೆ. ಹಂಸ, ನವಿಲುಗಳೂ ಚಾಲುಕ್ಯ ಶಿಲ್ಪಿಗಳಿಗೆ ಚಿರಪರಿಚಿತ. ಆದರೆ ಹಾರಲಾರದೆ ನೆಲದ ಮೇಲೆ ಓಡುವ ಉಷ್ಟ್ರಪಕ್ಷಿ ಅವರ ಕಾಲಕ್ಕೆ ಸಾವಿರಾರು ವರ್ಷ ಮೊದಲೇ ಈ ನಾಡಿನಿಂದ ಅಳಿದಿತ್ತು. ಆದ್ದರಿಂದ ಅದರ ಚರಿತ್ರೆಗೆ ಶಿಲ್ಪ, ಶಾಸನಗಳು ಆಧಾರವಾಗಲಾರವು.

ಭಾಷೆಯೂ ಅದನ್ನೇ ಹೇಳುತ್ತದೆ. ಎರೆ ನೆಲದಲ್ಲಿ ಕಂಡ ಹಕ್ಕಿಯನ್ನು ನಮ್ಮವರು 'ಎರೆಭೂತ' ಎಂದು ಕರೆದರು. ಉಷ್ಟ್ರಪಕ್ಷಿಗೆ ಸಿಕ್ಕಿದ್ದು ಒಂಟೆಯನ್ನು ನೆನಪಿಸುವ ಸಂಸ್ಕೃತದ ಹೆಸರು. ಪಾರಸಿಯ 'ಶುತುರ್‌ಮುರ್ಗ್' ಕೂಡ ಒಂಟೆಹಕ್ಕಿಯೇ. ತೆಲುಗಿನ 'ನಿಪ್ಪುಕೋಡಿ', ತಮಿಳಿನ 'ನೆರುಪ್ಪುಕ್ಕೋಳಿ' ಎರಡಕ್ಕೂ ಬೆಂಕಿಕೋಳಿ ಎಂದರ್ಥ; ಅದು ಕೆಂಡ ನುಂಗುತ್ತದೆಂಬ ಕಥೆ ಕೇಳಿ ಇಟ್ಟ ಹೆಸರು. ನಮ್ಮ ನಾಡಿನ ಈ ಹೆಸರುಗಳು ಕಂಡವರಿಟ್ಟವಲ್ಲ, ಕೇಳಿದವರಿಟ್ಟವು.

ಉಳಿದ ಮುಖ್ಯ ಸಾಕ್ಷ್ಯ ಮೊಟ್ಟೆಯ ಚಿಪ್ಪು. ಅದರ ದಪ್ಪ ಸುಮಾರು 2 ಮಿ.ಮೀ. ಕಲ್ಲಿನ ಮೊನೆಯಿಂದ ಕೊರೆದು, ಅಂಚು ಉಜ್ಜಿ ಮಣಿ ಮಾಡಿದರೂ ಒಡೆಯದಷ್ಟು ಗಟ್ಟಿ. ಮಹಾರಾಷ್ಟ್ರದ ಜಳಗಾಂವ್ ಜಿಲ್ಲೆಯ ಪಾಟಣೆಯಲ್ಲಿ ಎಸ್. ಎ. ಸಾಳಿ ಅವರು 1970ರ ದಶಕದಲ್ಲಿ ನಡೆಸಿದ ಉತ್ಖನನದಲ್ಲಿ, ಗೀರುಗಳ ಜಾಲ ಕೆತ್ತಿದ ಇಂಥದೊಂದು ಚಿಪ್ಪು ದೊರೆಯಿತು. ಅದರ ಕಾಲ ಸುಮಾರು 25,000 ವರ್ಷಗಳ ಹಿಂದೆ. ಹೈದರಾಬಾದಿನ ಕೋಶ ಮತ್ತು ಅಣುಜೀವವಿಜ್ಞಾನ ಕೇಂದ್ರದ (ಸಿಸಿಎಂಬಿ) ವಿಜ್ಞಾನಿಗಳು ರಾಜಸ್ಥಾನ, ಮಧ್ಯಪ್ರದೇಶಗಳ ಚಿಪ್ಪುಗಳಿಂದ ಡಿಎನ್‌ಎ ಬೇರ್ಪಡಿಸಿ, ಅದು ಆಫ್ರಿಕಾದ ಉಷ್ಟ್ರಪಕ್ಷಿಯದನ್ನು ಹೋಲುತ್ತದೆಂದು 2017ರಲ್ಲಿ ಪ್ರಕಟಿಸಿದರು. ಆಂಧ್ರದ ಪ್ರಕಾಶಂ ಜಿಲ್ಲೆಯಲ್ಲಿ ಸುಮಾರು 41,000 ವರ್ಷ ಹಳೆಯ ಗೂಡು ಪತ್ತೆಯಾದ ಸುದ್ದಿ 2024ರಲ್ಲಿ ಹೊರಬಂತು. ಅದರಲ್ಲಿ 9ರಿಂದ 11 ಮೊಟ್ಟೆಗಳು ಸುಮಾರು 3,500 ಚೂರುಗಳಾಗಿ ಉಳಿದಿದ್ದವು.

ಐಹೊಳೆ ಇರುವ ಮಲಪ್ರಭೆಯ ಕಣಿವೆ ಪಾಟಣೆಯ ದಕ್ಷಿಣಕ್ಕೆ, ಪ್ರಕಾಶಂನ ಪಶ್ಚಿಮಕ್ಕಿದೆ. ಬಾದಾಮಿ ತಾಲ್ಲೂಕಿನ ಖ್ಯಾಡದ ಶಿಲಾಯುಗದ ಉಪಕರಣಗಳು ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ ಕಾಲದಿಂದಲೂ ಹೆಸರಾದವು, ಆರ್. ವಿ. ಜೋಶಿ ಅವರು ಈ ಕಣಿವೆಯ ಪದರಗಳ ಅಧ್ಯಯನವನ್ನು 1955ರಲ್ಲಿ ಪುಸ್ತಕವಾಗಿಸಿದರು. ಪಕ್ಕದ ಘಟಪ್ರಭೆಯ ಕಡೆ, ಗೋಕಾಕ ಸಮೀಪ ದೊರೆತ ಘೇಂಡಾಮೃಗದ ಪಳೆಯುಳಿಕೆಯನ್ನು ಫೂಟ್ 1874ರಲ್ಲಿ ವರ್ಣಿಸಿದ್ದರು. ಘೇಂಡಾಮೃಗ ಮೇಯುತ್ತಿದ್ದ ಸೀಮೆ ಉಷ್ಟ್ರಪಕ್ಷಿಗೆ ಪರಕೀಯವಾಗಿತ್ತೆನ್ನಲು ಕಾರಣವಿಲ್ಲ.

ಹಾರದ ಹಕ್ಕಿಗಳ ಅಳಿವನ್ನು ಮನುಷ್ಯನ ತಲೆಗೇ ಕಟ್ಟುವುದು ರೂಢಿ. ಮಾರಿಷಸ್‌ನ ಡೋಡೊ, ನ್ಯೂಜಿಲೆಂಡಿನ ಮೋವಾಗಳ ಮಟ್ಟಿಗೆ ಅದು ಸರಿ. ಜನ ಬಂದಿಳಿದ ಮೇಲೆ ಅವು ಒಂದೆರಡು ಶತಮಾನಗಳಲ್ಲೇ ಮುಗಿದುಹೋದವು. ದಖ್ಖನ್ನಿನಲ್ಲಿ ಹಾಗಾಗಲಿಲ್ಲ. ಇಲ್ಲಿ ಮನುಷ್ಯನೂ ಉಷ್ಟ್ರಪಕ್ಷಿಯೂ ಸಾವಿರಾರು ವರ್ಷ ಒಂದೇ ಬಯಲಿನಲ್ಲಿ ಬಾಳಿದರು. ಮೊಟ್ಟೆ ಕದ್ದ ಕೈಯ ಜೊತೆಗೆ ಮಳೆ ಮತ್ತು ಹುಲ್ಲುಗಾವಲಿನ ಏರುಪೇರನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು.

ಹುನಗುಂದ, ಬಾದಾಮಿ ಕಡೆಯ ರೈತರಲ್ಲಿ ಒಂದು ಮಾತು. ಹಳ್ಳದ ದಂಡೆಯ ಗರಸಿನಲ್ಲಿ ತುಸು ಬಾಗಿದ, ಸೂಕ್ಷ್ಮ ರಂಧ್ರಗಳಿರುವ, ರೂಪಾಯಿ ನಾಣ್ಯದಷ್ಟು ದಪ್ಪದ ಚೂರು ಕಂಡರೆ ಕಿತ್ತು ಮನೆಗೆ ಒಯ್ಯಬೇಡಿ. ಇದ್ದಲ್ಲೇ ಬಿಟ್ಟು ಪುರಾತತ್ವ ಇಲಾಖೆಗೆ ತಿಳಿಸಿ. ಪದರ ತಪ್ಪಿದ ಚಿಪ್ಪು ಅರ್ಧ ಸಾಕ್ಷ್ಯ ಮಾತ್ರ.