ಕಾಕನಕೋಟೆಯ ಆನೆಗೆ ಲಂಡನ್ನಿನ ರಾಗ

ಸರಗೂರಿನಲ್ಲಿ ಕಪಿಲೆಯ ದಂಡೆಗೆ ಬಂದು ನಿಂತಾಗಲೆಲ್ಲ, ಮೇಲಿನ ಕಾಡಿನಿಂದ ಹರಿದುಬರುವ ಈ ನೀರು ಏನೇನು ಸದ್ದುಗಳನ್ನು ಕೇಳಿ ಬಂದಿದೆಯೋ ಎಂಬ ಯೋಚನೆ ನನಗೆ ಬಾರದಿರದು. ಖೆಡ್ಡಾದ ತಮಟೆ, ಆನೆಯ ಘೀಳು, ಮಾವುತನ ಗದರಿಕೆ, ಜೇನುಕುರುಬರ ಹಾಡು. ಇವುಗಳ ಸಾಲಿಗೆ ಲಂಡನ್ ನಗರದ ವಾದ್ಯವೃಂದವೂ ಒಂದು ಸಲ ಸೇರಿಕೊಂಡಿತೆಂದರೆ ನಂಬುವವರು ಕಡಿಮೆ. ಸೇರಿಸಿದವರು ಜಾನ್ ಗ್ರೀನ್‌ವುಡ್ ಎಂಬ ಇಂಗ್ಲಿಷ್ ಸಂಗೀತಗಾರರು.

ಕಥೆ 1935ರಲ್ಲಿ ಮೊದಲಾಗುತ್ತದೆ. ಕಿಪ್ಲಿಂಗನ ಆನೆಯ ಕಥೆಯೊಂದನ್ನು ಚಿತ್ರವಾಗಿಸಲು ಅಮೆರಿಕದ ರಾಬರ್ಟ್ ಫ್ಲಾಹರ್ಟಿ ಮೈಸೂರಿಗೆ ಬಂದರು. ಹಣ ಹೂಡಿದವರು ಲಂಡನ್ ಫಿಲ್ಮ್ಸ್‌ನ ಅಲೆಗ್ಸಾಂಡರ್ ಕೋರ್ಡಾ. ನಾಲ್ವಡಿ ಕೃಷ್ಣರಾಜ ಒಡೆಯರ ಕಾಲ, ಆನೆಗಳಿಗೇನೂ ಬರವಿರಲಿಲ್ಲ. ನಾಯಕನಾಗಿ ದೊರೆತವನು ನಮ್ಮ ಹೆಗ್ಗಡದೇವನಕೋಟೆಯ ಕಾರಾಪುರದಲ್ಲಿ 1924ರಲ್ಲಿ ಹುಟ್ಟಿದ ಮಾವುತನ ಮಗ ಸಾಬು. ಹುಡುಗ ನಟಿಸಲಿಲ್ಲ, ಆನೆಯ ಮೇಲೆ ಕುಳಿತ, ಅಷ್ಟೇ. ಅದೇ ಜಗತ್ತಿಗೆ ಮೆಚ್ಚುಗೆಯಾಯಿತು. ಕಾಡಿನ ದೃಶ್ಯಗಳು ಇಂಗ್ಲೆಂಡಿಗೆ ಹೋದವು. ಅಲ್ಲಿ ಡೆನ್ಹಮ್ ಸ್ಟುಡಿಯೋದಲ್ಲಿ ಜೋಲ್ಟಾನ್ ಕೋರ್ಡಾ ಹೊಸ ದೃಶ್ಯಗಳನ್ನೂ ಮಾತುಗಳನ್ನೂ ಸೇರಿಸಿದರು. 1937ರಲ್ಲಿ ‘ಎಲಿಫೆಂಟ್ ಬಾಯ್’ ತೆರೆ ಕಂಡಿತು. ಇಬ್ಬರು ನಿರ್ದೇಶಕರಿಗೂ ವೆನಿಸ್ಸಿನಲ್ಲಿ ಪ್ರಶಸ್ತಿ ಬಂತು.

ಇದಕ್ಕೆ ಸಂಗೀತ ರಚಿಸಿದ ಗ್ರೀನ್‌ವುಡ್ 1889ರಲ್ಲಿ ಲಂಡನ್ನಿನಲ್ಲಿ ಹುಟ್ಟಿದವರು. ರಾಯಲ್ ಕಾಲೇಜ್ ಆಫ್ ಮ್ಯೂಸಿಕ್‌ನಲ್ಲಿ ಕಲಿತು, ಚಿತ್ರಗಳು ಮಾತಾಡತೊಡಗಿದ ಹೊಸತರಲ್ಲೇ ಆ ಕಸುಬಿಗೆ ಬಂದರು. ‘ಪಿಂಪರ್ನೆಲ್ ಸ್ಮಿತ್’, ‘ಸ್ಯಾನ್ ಡಿಮೆಟ್ರಿಯೊ ಲಂಡನ್’, ‘ಫ್ರೀಡಾ’, ‘ಕ್ವಾರ್ಟೆಟ್’ ಮುಂತಾದ ಹಲವು ಚಿತ್ರಗಳಿಗೆ ಸಂಗೀತ ಬರೆದು 1975ರಲ್ಲಿ ತೀರಿಕೊಂಡರು. ಸಿನಿಮಾ ಸಂಗೀತಗಾರನ ಪಾಡೇ ಹಾಗೆ: ಹಾಡುವವನ ಹೆಸರು ನೆನಪಿರುತ್ತದೆ, ಹಿನ್ನೆಲೆಯಲ್ಲಿ ನಿಂತವನದು ಹಿಂದೆಯೇ ಉಳಿಯುತ್ತದೆ.

ಅವರ ಬಗ್ಗೆ ನನಗೆ ಗೌರವವಿದೆ. ಒಂದು ಜಗಳವೂ ಇದೆ. 1934ರಲ್ಲಿ ಇದೇ ಫ್ಲಾಹರ್ಟಿಯವರ ‘ಮ್ಯಾನ್ ಆಫ್ ಅರಾನ್’ ಚಿತ್ರಕ್ಕೆ ಸಂಗೀತ ಕೊಟ್ಟವರೂ ಅವರೇ. ಅಲ್ಲಿ ಐರ್ಲೆಂಡಿನ ಅರಾನ್ ದ್ವೀಪಗಳ ಜನಪದ ಗೀತೆಗಳನ್ನೇ ತಳಹದಿ ಮಾಡಿಕೊಂಡರು. ಬಂಡೆ, ಕಡಲು, ಬೆಸ್ತರ ಹಾಡು ಎಲ್ಲವೂ ಒಂದೇ ನೆಲದವು. ಕಾಕನಕೋಟೆಗೆ ಬಂದಾಗ? ನಾನು ಆ ಚಿತ್ರವನ್ನು ಕಣ್ಣು ಮುಚ್ಚಿ ಕೇಳಿದ್ದೇನೆ. ನನ್ನ ಕಿವಿಗೆ ಸಿಕ್ಕಿದ್ದು ಚೆಂದವಾದ ಪಾಶ್ಚಾತ್ಯ ವಾದ್ಯವೃಂದ. ನಮ್ಮ ಹಾಡಿಗಳ ದನಿಯಲ್ಲ. ಕಣ್ಣಿಗೆ ಕಬಿನಿ, ಕಿವಿಗೆ ಥೇಮ್ಸ್! ಅರಾನಿನ ಬೆಸ್ತನಿಗೆ ಸಂದ ಮರ್ಯಾದೆ ನಮ್ಮ ಕುರುಬನಿಗೇಕೆ ಸಲ್ಲಲಿಲ್ಲ? ಚಿತ್ರ ಫ್ಲಾಹರ್ಟಿಯವರ ಕೈಯಿಂದ ಸ್ಟುಡಿಯೋದ ಕೈಗೆ ಜಾರಿದ್ದೇ ಕಾರಣವೆಂದು ನನ್ನ ಊಹೆ.

ಮೈಸೂರಿಗೆ ಆ ಸಂಗೀತವೇನೂ ಅಪರಿಚಿತವಲ್ಲ. ಜರ್ಮನಿಯ ಓಟ್ಟೊ ಸ್ಮಿತ್ ಅರಮನೆಯ ವಾದ್ಯವೃಂದವನ್ನು ನಡೆಸಿದ್ದರು. ಜಯಚಾಮರಾಜ ಒಡೆಯರಂತೂ ಲಂಡನ್ನಿನ ಫಿಲ್ಹಾರ್ಮೋನಿಯಾಕ್ಕೆ ನೆರವಾದರು. ರಷ್ಯದ ಮೆಟ್ನರ್ ಎಂಬ ಬಡ ಸಂಗೀತಗಾರನ ಕೃತಿಗಳು ಧ್ವನಿಮುದ್ರಿಕೆಯಾಗಲು ಹಣ ಕೊಟ್ಟರು. ಅವರ ರಾಗ ಉಳಿಯಲು ನಮ್ಮ ಹಣ ಹೋಯಿತು. ನಮ್ಮ ಕಾಡಿನ ರಾಗ ಹಿಡಿಯಲು ಅವರ ಯಂತ್ರ ಬಂದಾಗ ಅದು ಚಿತ್ರವನ್ನಷ್ಟೇ ಹಿಡಿದು ಹೋಯಿತು.

ಸಾಬು ಊರು ಬಿಟ್ಟವನು ಹಾಲಿವುಡ್ ಸೇರಿ, 1963ರಲ್ಲಿ, ಇನ್ನೂ 39ರ ಪ್ರಾಯದಲ್ಲಿ, ಅಮೆರಿಕದಲ್ಲೇ ಮಡಿದ. 1971ರಲ್ಲಿ ಕಾಕನಕೋಟೆಯ ಕೊನೆಯ ಖೆಡ್ಡಾ ನಡೆಯಿತು. 1974ರಲ್ಲಿ ಸರಗೂರಿನ ಬಳಿ ಕಬಿನಿಗೆ ಕಟ್ಟೆ ಎದ್ದಿತು. ಆ ಕಾಡಿನ ದೊಡ್ಡ ಭಾಗ ನೀರಿನಡಿ ಸೇರಿತು. ಮುಳುಗಿದ ಮರವನ್ನು ಆ ಹಳೆಯ ಚಿತ್ರದಲ್ಲಿ ನೋಡಬಹುದು. ಮುಳುಗಿದ ಹಾಡಿಯ ಇರುಳನ್ನು ಯಾವುದರಲ್ಲಿ ಕೇಳೋಣ?

1977ರಲ್ಲಿ ಮಾಸ್ತಿಯವರ ‘ಕಾಕನಕೋಟೆ’ ನಾಟಕವನ್ನು ಸಿ.ಆರ್. ಸಿಂಹ ಚಿತ್ರ ಮಾಡಿದರು; ಸಿ. ಅಶ್ವತ್ಥ್ ಅದಕ್ಕೆ ಸಂಗೀತ ಕೊಟ್ಟರು. ನಲವತ್ತು ವರ್ಷ ತಡವಾಗಿ ಆ ಕಾಡು ತೆರೆಯ ಮೇಲೆ ಕನ್ನಡದಲ್ಲಿ ಹಾಡಿತು. ಗ್ರೀನ್‌ವುಡ್ ಅವರ ಮೇಲಿನ ಜಗಳವನ್ನು ನಾನು ಅಲ್ಲಿಗೆ ಬಿಟ್ಟಿದ್ದೇನೆ. ಹಾಡಿಗಳಲ್ಲಿ ಇಂದಿಗೂ ಹಾಡುವ ಮುದುಕಿಯರಿದ್ದಾರೆ. ಈಗ ನಾವು ಕೇಳದೆ ಹೋದರೆ, ದೂರಲು ಲಂಡನ್ನಿನವರು ಯಾರೂ ಸಿಗರು.