ಸಾಮಾಜಿಕ ಬದಲಾವಣೆಯ ಗಣಿತ ಮಾದರಿಗಳು: ಚಿಕ್ಕೋಡಿ–ಅಥಣಿ ಸೀಮೆ

ಸಮಾಜದ ಬದಲಾವಣೆಯನ್ನು ಬಿಡಿ ಘಟನೆಗಳ ಸಾಲಾಗಿ ನೋಡದೆ, ಒಂದನ್ನೊಂದು ತಳ್ಳುವ ಮತ್ತು ತಡೆಯುವ ಅಂಶಗಳ ವ್ಯವಸ್ಥೆಯಾಗಿ ಕಂಡು, ಆ ಸಂಬಂಧಗಳನ್ನು ಸಮೀಕರಣಗಳಲ್ಲಿ ಹಿಡಿಯುವ ವಿಧಾನಕ್ಕೆ ನೂರು ವರ್ಷಕ್ಕೂ ಮಿಕ್ಕ ಇತಿಹಾಸವಿದೆ. ಬೆಳಗಾವಿ ಜಿಲ್ಲೆಯ ಉತ್ತರದ ಅಂಚಿನ ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ ಮತ್ತು ಕಾಗವಾಡ ತಾಲ್ಲೂಕುಗಳಿಗೆ ಸಂಬಂಧಿಸಿ ಈ ವಿಧಾನವನ್ನು ಪ್ಲೇಗ್, ಬೆಳೆಯ ಬೆಲೆ, ಎಚ್‌ಐವಿ ಮತ್ತು ಕೃಷ್ಣಾ ಪ್ರವಾಹದ ವಿಷಯದಲ್ಲಿ ಗುರುತಿಸಬಹುದು. ಇವುಗಳಲ್ಲಿ ದಾಖಲೆ ಗಟ್ಟಿಯಾಗಿರುವುದೂ, ವಿವಾದ ಹೆಚ್ಚಾಗಿರುವುದೂ ಎಚ್‌ಐವಿ ಅಧ್ಯಯನದಲ್ಲಿ.

ಈ ಸೀಮೆಯ ಹಳೆಯ ಅಂಕಿಅಂಶ ಬಳಸುವವರು ಮೊದಲು ಗಡಿಗಳನ್ನು ಹೊಂದಿಸಿಕೊಳ್ಳಬೇಕಾಗುತ್ತದೆ. ಚಿಕ್ಕೋಡಿ ಮತ್ತು ಅಥಣಿ ಮುಂಬೈ ಪ್ರಾಂತದ ತಾಲ್ಲೂಕುಗಳಾಗಿದ್ದವು, ರಾಯಬಾಗ ಕೊಲ್ಹಾಪುರ ಸಂಸ್ಥಾನಕ್ಕೆ ಸೇರಿತ್ತು. 1956ರಲ್ಲಿ ಬೆಳಗಾವಿ ಜಿಲ್ಲೆ ಮೈಸೂರು ರಾಜ್ಯಕ್ಕೆ ಬಂತು. ನಿಪ್ಪಾಣಿ ಮತ್ತು ಕಾಗವಾಡ ಪ್ರತ್ಯೇಕ ತಾಲ್ಲೂಕುಗಳಾದದ್ದು 2011ರ ಜನಗಣತಿಯ ನಂತರ. ಹಾಗಾಗಿ ಅಲ್ಲಿಯವರೆಗಿನ ಗಣತಿಗಳಲ್ಲಿ ನಿಪ್ಪಾಣಿಯ ಜನ ಚಿಕ್ಕೋಡಿಯ ಲೆಕ್ಕದಲ್ಲಿ, ಕಾಗವಾಡದ ಜನ ಅಥಣಿಯ ಲೆಕ್ಕದಲ್ಲಿ ಅಡಗಿದ್ದಾರೆ. ಆರೋಗ್ಯ ಸಮೀಕ್ಷೆಗಳಂತೂ ಬಹುತೇಕ ಇಡೀ ಜಿಲ್ಲೆಯನ್ನೇ ಒಂದು ಘಟಕವಾಗಿ ಹಿಡಿಯುತ್ತವೆ.

ವಿಧಾನದ ಮೂಲ ಸಾಂಕ್ರಾಮಿಕ ರೋಗಗಳ ಲೆಕ್ಕದಲ್ಲಿದೆ. ಬೆಂಗಳೂರು ಮತ್ತು ಸಿಕಂದರಾಬಾದಿನಲ್ಲಿ ಸೇವೆ ಸಲ್ಲಿಸಿದ್ದ ರೊನಾಲ್ಡ್ ರಾಸ್, ಮಲೇರಿಯಾ ನಿಲ್ಲಬೇಕಾದರೆ ಸೊಳ್ಳೆ ಪೂರ್ತಿ ನಾಶವಾಗಬೇಕಿಲ್ಲ, ಒಂದು ಮಿತಿಗಿಂತ ಕೆಳಗಿಳಿದರೆ ಸಾಕು ಎಂಬುದನ್ನು 1911ರ ಹೊತ್ತಿಗೆ ಸಮೀಕರಣಗಳಿಂದ ತೋರಿಸಿದರು. 1927ರಲ್ಲಿ ವಿಲಿಯಂ ಕರ್ಮ್ಯಾಕ್ ಮತ್ತು ಆಂಡರ್ಸನ್ ಮೆಕೆಂಡ್ರಿಕ್ ಸಾಂಕ್ರಾಮಿಕಗಳ ಸಾಮಾನ್ಯ ಸಿದ್ಧಾಂತ ಪ್ರಕಟಿಸಿದರು. ಮೆಕೆಂಡ್ರಿಕ್ ಭಾರತೀಯ ವೈದ್ಯಕೀಯ ಸೇವೆಯಲ್ಲಿದ್ದವರು. ಇಬ್ಬರೂ ಸಿದ್ಧಾಂತಕ್ಕೆ ಕೊಟ್ಟ ಉದಾಹರಣೆ 1905ರ ಡಿಸೆಂಬರ್‌ನಿಂದ 1906ರ ಜುಲೈವರೆಗೆ ಮುಂಬೈಯಲ್ಲಿ ಪ್ಲೇಗಿನಿಂದ ವಾರವಾರ ಸತ್ತವರ ಸಂಖ್ಯೆ. 1896ರಲ್ಲಿ ಮುಂಬೈಯಲ್ಲಿ ಕಾಣಿಸಿಕೊಂಡ ಈ ಪ್ಲೇಗು ಮುಂದೆ ಧಾರವಾಡ, ಬೆಳಗಾವಿ ಜಿಲ್ಲೆಗಳಿಗೂ ಹಬ್ಬಿ ಊರುಗಳನ್ನು ಬರಿದು ಮಾಡಿತ್ತು.

ಮುಂಬೈಯ ಈ ಅಂಕಿಗಳ ಮೇಲೆ ಮಾದರಿಯ ವಕ್ರರೇಖೆ ಕೂರಿಸಿದ ರೇಖಾಚಿತ್ರವನ್ನು ಪಠ್ಯಪುಸ್ತಕಗಳು ಇಂದಿಗೂ ಸಿದ್ಧಾಂತದ ಗೆಲುವೆಂದೇ ಮುದ್ರಿಸುತ್ತವೆ. ಅದು ಅಷ್ಟು ಸರಳವಲ್ಲ. ಪ್ಲೇಗು ಇಲಿ ಮತ್ತು ಚಿಗಟಗಳ ಮೂಲಕ ಹರಡುವ ರೋಗ. ಮಾದರಿಯಾದರೋ ಸೋಂಕಿನ ದರ ಉದ್ದಕ್ಕೂ ಒಂದೇ ಎಂದು ಹಿಡಿದಿತ್ತು. ಇದು ಬಹಳ ಒರಟು ಅಂದಾಜು ಎಂದು ಲೇಖಕರೇ ಬರೆದಿದ್ದರೂ ಆ ಎಚ್ಚರಿಕೆ ಕಾಲಕ್ರಮದಲ್ಲಿ ಕಳಚಿಹೋಯಿತು. 2012ರಲ್ಲಿ ಫ್ರಾನ್ಸಿನ ಗಣಿತಜ್ಞ ನಿಕೋಲಾ ಬಕಾಯೆರ್ ಇದನ್ನು ಮತ್ತೆ ಕೆದಕಿದರು. ಮುಂಬೈಯಲ್ಲಿ ಪ್ಲೇಗು ವರ್ಷವರ್ಷವೂ ಅದೇ ಋತುವಿನಲ್ಲಿ ಏರಿ ಇಳಿಯುತ್ತಿತ್ತು, ಹವಾಮಾನದ ಏರಿಳಿತ ಸೇರಿಸದೆ ಅದನ್ನು ವಿವರಿಸಲಾಗದು ಎಂಬುದು ಅವರ ನಿಲುವು. ವಕ್ರರೇಖೆ ಅಂಕಿಗಳ ಮೇಲೆ ಸರಿಯಾಗಿ ಕೂತ ಮಾತ್ರಕ್ಕೆ ಕಾರಣ ಸಿಕ್ಕಂತಲ್ಲ ಎಂಬುದಕ್ಕೆ ಈ ಪ್ರಕರಣಕ್ಕಿಂತ ಒಳ್ಳೆಯ ಸಾಕ್ಷಿ ಬೇಕಿಲ್ಲ.

ಮೆಕೆಂಡ್ರಿಕ್ 1926ರಲ್ಲಿ ಪ್ರಕಟಿಸಿದ ಇನ್ನೊಂದು ಲೆಕ್ಕಕ್ಕೆ ಸಿಗಬೇಕಾದಷ್ಟು ಗಮನ ಸಿಕ್ಕಿಲ್ಲ. ಭಾರತದ ಒಂದು ಹಳ್ಳಿಯಲ್ಲಿ ಕಾಲರಾ ಬಂದಾಗ 223 ಮನೆಗಳ ಪೈಕಿ 168ರಲ್ಲಿ ಯಾರಿಗೂ ರೋಗ ತಗಲಲಿಲ್ಲ. 32 ಮನೆಗಳಲ್ಲಿ ಒಬ್ಬೊಬ್ಬರು, 16ರಲ್ಲಿ ಇಬ್ಬಿಬ್ಬರು, 6ರಲ್ಲಿ ಮೂವರು, ಒಂದು ಮನೆಯಲ್ಲಿ ನಾಲ್ವರು ಬಿದ್ದರು. ಎಲ್ಲ ಮನೆಗಳಿಗೂ ಅಪಾಯ ಸಮಾನವಾಗಿದ್ದರೆ ರೋಗವೇ ಇಲ್ಲದ ಮನೆಗಳು ಇಷ್ಟೊಂದು ಇರಲಾರವು. ಲೆಕ್ಕದ ಪ್ರಕಾರ ಅಪಾಯಕ್ಕೆ ಒಡ್ಡಿಕೊಂಡಿದ್ದವು ಸುಮಾರು 93 ಮನೆಗಳು. ಊರಿನಲ್ಲಿ ಹಲವು ಬಾವಿಗಳಿದ್ದು, ಈ ಮನೆಗಳವರು ನೀರು ಸೇದುತ್ತಿದ್ದ ಒಂದು ಬಾವಿ ಕೆಟ್ಟಿರಬೇಕು ಎಂದು ಅವರು ಊಹಿಸಿದರು. ಯಾವ ಮನೆ ಯಾವ ಬಾವಿಗೆ ಹೋಗಬೇಕೆಂಬುದನ್ನು ಆ ಕಾಲದ ಹಳ್ಳಿಗಳಲ್ಲಿ ಜಾತಿಯೇ ತೀರ್ಮಾನಿಸುತ್ತಿತ್ತು ಎಂಬುದನ್ನು ನೆನೆದರೆ ಈ ಪುಟ್ಟ ಲೆಕ್ಕದ ತೂಕ ತಿಳಿಯುತ್ತದೆ. ರೋಗಿಗಳ ಎಣಿಕೆಯಿಂದ ಊರಿನ ಒಳರಚನೆಗೆ ಕೈಚಾಚಿದ ಆರಂಭದ ಯತ್ನಗಳಲ್ಲಿ ಇದೊಂದು.

ವ್ಯವಸ್ಥಾ ಚಿಂತನೆಯ ಮುಂದಿನ ಘಟ್ಟ ಎಲ್ಲರಿಗೂ ಪರಿಚಿತ. ಅಮೆರಿಕದ ಜೇ ಫಾರೆಸ್ಟರ್ 1950ರ ದಶಕದಿಂದ ಕಟ್ಟಿದ ಸಿಸ್ಟಮ್ ಡೈನಾಮಿಕ್ಸ್ ವಿಧಾನವೇ 1972ರ ‘ಲಿಮಿಟ್ಸ್ ಟು ಗ್ರೋತ್’ ವರದಿಗೆ ತಳಹದಿಯಾಯಿತು. ಅದೇ ವರ್ಷ ಬೆಂಗಳೂರಿನಲ್ಲಿ ವಿ.ಕೆ.ಆರ್.ವಿ. ರಾವ್ ಸಾಮಾಜಿಕ ಮತ್ತು ಆರ್ಥಿಕ ಬದಲಾವಣೆ ಸಂಸ್ಥೆಯನ್ನು ಸ್ಥಾಪಿಸಿದರು. 1974ರಲ್ಲಿ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಅಮೂಲ್ಯ ರೆಡ್ಡಿ ‘ಅಸ್ತ್ರ’ ಘಟಕ ಆರಂಭಿಸಿ, ತುಮಕೂರು ಜಿಲ್ಲೆಯ ಪುರ ಗ್ರಾಮದಲ್ಲಿ ಮನುಷ್ಯರ ದುಡಿಮೆ, ದನ, ಸೌದೆ, ಸೀಮೆಎಣ್ಣೆ ಎಲ್ಲವನ್ನೂ ಒಂದೇ ಶಕ್ತಿಲೆಕ್ಕದೊಳಗೆ ತಂದರು.

ಬೆಳೆಯ ಬೆಲೆಗೆ ಸಂಬಂಧಿಸಿದ ‘ಜೇಡರಬಲೆ’ ಮಾದರಿ 1930ರ ದಶಕದ್ದು. ರೈತ ಈ ವರ್ಷದ ಬೆಲೆ ನೋಡಿ ಬಿತ್ತುತ್ತಾನೆ, ಫಸಲು ಕೈಗೆ ಬರುವ ಹೊತ್ತಿಗೆ ಬೆಲೆ ಬೇರೆಯಾಗಿರುತ್ತದೆ. ಆ ವಿಳಂಬವೇ ಏರಿಳಿತವನ್ನು ಹುಟ್ಟಿಸುತ್ತದೆ. ನಿಪ್ಪಾಣಿಯ ಬೀಡಿ ತಂಬಾಕಿಗೆ ಇದನ್ನು ಹಾಗೆಯೇ ಅನ್ವಯಿಸುವುದು ಸಾಲದು. ಅಲ್ಲಿ ಬೆಲೆಯನ್ನು ಕಟ್ಟುತ್ತಿದ್ದವರು ವ್ಯಾಪಾರಿಗಳು. ಮಾದರಿಯ ಮುಕ್ತ ಮಾರುಕಟ್ಟೆ ಅಲ್ಲಿರಲಿಲ್ಲ. 1981ರಲ್ಲಿ ಶರದ್ ಜೋಶಿಯವರ ನೇತೃತ್ವದಲ್ಲಿ ಬೆಳೆಗಾರರು ಪುಣೆ–ಬೆಂಗಳೂರು ಹೆದ್ದಾರಿಯನ್ನು ವಾರಗಟ್ಟಲೆ ತಡೆದರು, ಪೊಲೀಸರ ಗೋಲಿಬಾರಿನಲ್ಲಿ ರೈತರು ಪ್ರಾಣ ಕಳೆದುಕೊಂಡರು. ಅದೇ ಪೇಟೆಯ ತಂಬಾಕು ಕಾರ್ಮಿಕ ಮಹಿಳೆಯರ ಸಂಘಟನೆಯನ್ನು ಯುಗಾಂತರ್ ತಂಡ 1982ರಲ್ಲಿ ಸಾಕ್ಷ್ಯಚಿತ್ರವಾಗಿ ದಾಖಲಿಸಿದೆ. ಬೆಲೆ ಕುಸಿತವನ್ನು ಸಮೀಕರಣ ಹೇಳಬಲ್ಲದು, ಬೆಳೆಗಾರ ಯಾವ ಹಂತದಲ್ಲಿ ರಸ್ತೆಗಿಳಿಯುತ್ತಾನೆ ಎಂಬುದನ್ನಲ್ಲ. ಕಬ್ಬಿನಲ್ಲಿ ಚಕ್ರ ಇನ್ನೂ ಸ್ಪಷ್ಟ. ಉತ್ಪಾದನೆ ಹೆಚ್ಚಿದರೆ ಸಕ್ಕರೆ ಬೆಲೆ ಇಳಿಯುತ್ತದೆ, ಕಾರ್ಖಾನೆಗಳಲ್ಲಿ ರೈತರ ಬಿಲ್ ಬಾಕಿ ಬೀಳುತ್ತದೆ, ನಾಟಿ ಕುಗ್ಗುತ್ತದೆ, ಸಕ್ಕರೆ ಮತ್ತೆ ತುಟ್ಟಿಯಾಗುತ್ತದೆ.

ಎಚ್‌ಐವಿ ಮಾದರಿಗಳ ಹಿನ್ನೆಲೆಯಲ್ಲಿ ಈ ಭಾಗದ ದೇವದಾಸಿ ಪದ್ಧತಿಯಿದೆ. ಸವದತ್ತಿ ಯಲ್ಲಮ್ಮನ ಗುಡ್ಡ ಇದೇ ಜಿಲ್ಲೆಯಲ್ಲಿದೆ, ಅಥಣಿ ತಾಲ್ಲೂಕಿನ ಕೊಕಟನೂರಿನಲ್ಲೂ ಯಲ್ಲಮ್ಮನ ಜಾತ್ರೆ ನಡೆಯುತ್ತದೆ. ಮುತ್ತು ಕಟ್ಟುವುದನ್ನು, ಅಂದರೆ ಹೆಣ್ಣನ್ನು ದೇವದಾಸಿಯಾಗಿ ಅರ್ಪಿಸುವುದನ್ನು, ನಿಷೇಧಿಸುವ ಕರ್ನಾಟಕದ ಕಾಯ್ದೆ 1982ರದು. 1980ರ ದಶಕದಲ್ಲೇ ಅಥಣಿಯಲ್ಲಿ ಬಿ.ಎಲ್. ಪಾಟೀಲರ ವಿಮೋಚನಾ ಸಂಸ್ಥೆ ದೇವದಾಸಿಯರ ಪುನರ್ವಸತಿಗೂ ಮಕ್ಕಳ ಶಿಕ್ಷಣಕ್ಕೂ ಕೆಲಸ ಆರಂಭಿಸಿತು. ದೇವದಾಸಿಯರ ಸಂಖ್ಯೆಯ ವಿಷಯದಲ್ಲಿ ಗೊಂದಲವಿದೆ. 1993–94ರ ಸರ್ಕಾರಿ ಸಮೀಕ್ಷೆ ರಾಜ್ಯದಲ್ಲಿ 22,873 ಮಂದಿಯನ್ನು ಗುರುತಿಸಿದರೆ, 2007–08ರ ಮರುಸಮೀಕ್ಷೆಯ ನಂತರ ಆ ಸಂಖ್ಯೆ 46,660ಕ್ಕೆ ಏರಿತು. ಪದ್ಧತಿ ಇಮ್ಮಡಿಯಾಯಿತು ಎಂದು ಇದನ್ನು ಓದುವುದು ತಪ್ಪು. ಮೊದಲ ಪಟ್ಟಿಯಿಂದ ಹೊರಗುಳಿದವರು ಎರಡನೆಯದರಲ್ಲಿ ಸೇರಿದರು.

2003ರಲ್ಲಿ ಗೇಟ್ಸ್ ಪ್ರತಿಷ್ಠಾನದ ‘ಆವಾಹನ್’ ಎಚ್‌ಐವಿ ತಡೆ ಕಾರ್ಯಕ್ರಮ ಆರಂಭವಾಯಿತು. ರಾಜ್ಯದಲ್ಲಿ ಅದನ್ನು ಕರ್ನಾಟಕ ಹೆಲ್ತ್ ಪ್ರಮೋಷನ್ ಟ್ರಸ್ಟ್, ಕೆನಡಾದ ಮ್ಯಾನಿಟೋಬಾ ವಿಶ್ವವಿದ್ಯಾಲಯದ ನೆರವಿನೊಂದಿಗೆ ನಡೆಸಿತು. ಜೇಮ್ಸ್ ಬ್ಲಾಂಚರ್ಡ್ ಮತ್ತು ಸಂಗಡಿಗರು 2005ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ರಾಜ್ಯದ 1,588 ಲೈಂಗಿಕ ಕಾರ್ಯಕರ್ತೆಯರ ಪೈಕಿ ಶೇ 26ರಷ್ಟು ಮಂದಿ ದೇವದಾಸಿ ಪದ್ಧತಿಯ ಮೂಲಕ ಬಂದವರಾಗಿದ್ದರು. ಉತ್ತರ ಕರ್ನಾಟಕದಲ್ಲಿ ಅವರಲ್ಲಿ ಅನೇಕರು ತಮ್ಮ ಹಳ್ಳಿಯ ಮನೆಯಲ್ಲೇ ಇರುವವರು, ಮಹಾರಾಷ್ಟ್ರಕ್ಕೆ ಹೋಗಿಬರುವವರೂ ಉಂಟು. ನಗರ ಮತ್ತು ಹೆದ್ದಾರಿಯ ಸುತ್ತ ಕಟ್ಟಿದ್ದ ಹಳೆಯ ಕಲ್ಪನೆಗೆ ಇದು ಹೊಂದಲಿಲ್ಲ.

ಲಂಡನ್ನಿನ ಇಂಪೀರಿಯಲ್ ಕಾಲೇಜಿನ ಮೈಕಲ್ ಪಿಕಲ್ಸ್, ಮಾರಿ-ಕ್ಲೋಡ್ ಬ್ವಾಲಿ ಮೊದಲಾದವರ ಮಾದರಿ ಜನರನ್ನು ಸೋಂಕಿಲ್ಲದವರು, ಸೋಂಕಿತರು ಎಂಬ ಕೋಶಗಳಾಗಿ, ಕಾರ್ಯಕರ್ತೆಯರು ಮತ್ತು ಗಿರಾಕಿಗಳು ಎಂಬ ಗುಂಪುಗಳಾಗಿ ವಿಂಗಡಿಸಿತು. ಇದರ ಅಗತ್ಯವನ್ನು ರಾಜ್ಯದ ಐದು ಜಿಲ್ಲೆಗಳಲ್ಲಿ ಎರಡು ಸುತ್ತು ನಡೆದ ಸಮೀಕ್ಷೆಯೇ ತೋರಿಸುತ್ತದೆ. ಮೊದಲ ಸುತ್ತಿನಲ್ಲಿ ಕಾರ್ಯಕರ್ತೆಯರಲ್ಲಿ ಎಚ್‌ಐವಿ ಪ್ರಮಾಣ ಬೆಳಗಾವಿಯಲ್ಲಿ ಸುಮಾರು ಶೇ 34, ಐದರಲ್ಲೇ ಹೆಚ್ಚು. ಎರಡನೇ ಸುತ್ತಿನ ಹೊತ್ತಿಗೆ ಐದೂ ಜಿಲ್ಲೆಗಳ ಒಟ್ಟು ಪ್ರಮಾಣ ಶೇ 19.6ರಿಂದ ಶೇ 16.4ಕ್ಕೆ ಇಳಿಯಿತು. ಆದರೆ ಸೋಂಕಿತರು ಸತ್ತರೂ, ಕೆಲಸ ಬಿಟ್ಟರೂ ಪ್ರಮಾಣ ಇಳಿಯುತ್ತದೆ. ಹೊಸ ಸೋಂಕು ನಿಜಕ್ಕೂ ಕಡಿಮೆಯಾಯಿತೇ ಎಂದು ಬೇರ್ಪಡಿಸಿ ನೋಡಲು ಮಾದರಿ ಬೇಕಾಯಿತು. ಸಂಶೋಧಕರು ಅಸಂಖ್ಯ ಸಾಧ್ಯತೆಗಳನ್ನು ಗಣಕದಲ್ಲಿ ಓಡಿಸಿ, ಸಮೀಕ್ಷೆಯ ಅಂಕಿಗಳಿಗೆ ಹೊಂದುವವನ್ನು ಮಾತ್ರ ಉಳಿಸಿಕೊಂಡರು. ಕಾಂಡೋಮ್ ಬಳಕೆ ಹೆಚ್ಚಾಗಲೇ ಇಲ್ಲ ಎಂಬ ಊಹೆಯನ್ನೂ ಪಕ್ಕದಲ್ಲಿಟ್ಟು ತೂಗಿದರು.

ಕಾಂಡೋಮ್ ಬಳಕೆಯ ಉತ್ತರಗಳನ್ನು ಎಷ್ಟು ನಂಬುವುದು ಎಂಬುದು ದೊಡ್ಡ ತೊಡಕಾಗಿತ್ತು. ಎದುರು ಕೂತು ಕೇಳಿದರೆ ಮೆಚ್ಚುವ ಉತ್ತರವೇ ಬರುತ್ತದೆ. ಅದಕ್ಕಾಗಿ ಕರ್ನಾಟಕದಲ್ಲಿ ಮತಗಟ್ಟೆ ಮಾದರಿಯ ಸಮೀಕ್ಷೆ ಬಳಕೆಗೆ ಬಂತು. ಮಹಿಳೆಯರು ಗುಂಪಾಗಿ, ಒಬ್ಬರಿಗೊಬ್ಬರು ಕಾಣದಂತೆ ಮರೆಯಲ್ಲಿ ಕೂರುತ್ತಾರೆ. ಪ್ರಶ್ನೆಯನ್ನು ಗಟ್ಟಿಯಾಗಿ ಓದಿದ ಮೇಲೆ ಹೆಸರಿಲ್ಲದ ಚೀಟಿಯನ್ನು ‘ಹೌದು’ ಅಥವಾ ‘ಇಲ್ಲ’ ಡಬ್ಬಿಗೆ ಹಾಕುತ್ತಾರೆ. ಓದು ಬಾರದವರೂ ಹೀಗೆ ಗುಟ್ಟಾಗಿ ಉತ್ತರಿಸಬಹುದು. ಇಡೀ ಮಾದರಿಯ ವಿಶ್ವಾಸಾರ್ಹತೆ ಹೆಚ್ಚಿದ್ದು ಇಂಥ ತಾಳ್ಮೆಯ ಕ್ಷೇತ್ರಕಾರ್ಯದಿಂದ.

ಫಲಿತಾಂಶದ ಬಗ್ಗೆ ಒಮ್ಮತವಿಲ್ಲ. 2011ರಲ್ಲಿ ಮೇರಿ ಎನ್‌ಜಿ ಮತ್ತು ಸಂಗಡಿಗರು ಗರ್ಭಿಣಿಯರ ತಪಾಸಣೆಯ ಅಂಕಿಗಳಿಂದ, ಆವಾಹನ್ ಐದು ವರ್ಷಗಳಲ್ಲಿ ಸುಮಾರು 1 ಲಕ್ಷ ಸೋಂಕು ತಪ್ಪಿಸಿತು ಎಂದರು. 2013ರಲ್ಲಿ ಪಿಕಲ್ಸ್ ತಂಡ 24 ಜಿಲ್ಲೆಗಳ ಮಾದರಿಯನ್ನು 69 ಜಿಲ್ಲೆಗಳಿಗೆ ವಿಸ್ತರಿಸಿ, ಮೊದಲ ನಾಲ್ಕೇ ವರ್ಷಗಳಲ್ಲಿ 2.02 ಲಕ್ಷ ಎಂದಿತು. ಎರಡನೆಯ ಅಂದಾಜಿನ ವ್ಯಾಪ್ತಿ 98 ಸಾವಿರದಿಂದ 4.07 ಲಕ್ಷದವರೆಗೆ ಚಾಚಿದೆ, ಅಂದರೆ ಮೊದಲ ಅಂದಾಜು ಅದರ ಕೆಳ ಅಂಚಿನೊಳಗೇ ಬರುತ್ತದೆ. ಇವುಗಳನ್ನು ಪರಸ್ಪರ ವಿರುದ್ಧ ಎನ್ನುವುದಕ್ಕಿಂತ ಬೇರೆ ಬೇರೆ ಆಧಾರಗಳ ಅಂದಾಜುಗಳೆಂದು ಓದುವುದು ಸರಿ. ದೇಶದ ಒಟ್ಟು ಸೋಂಕಿತರ ಸಂಖ್ಯೆಯೇ 2007ರಲ್ಲಿ 50 ಲಕ್ಷಕ್ಕೂ ಮೇಲಿನಿಂದ ಸುಮಾರು 25 ಲಕ್ಷಕ್ಕೆ ಪರಿಷ್ಕಾರಗೊಂಡಿತ್ತು. ಮಾದರಿಯ ಮಿತಿಯೊಂದನ್ನೂ ಹೇಳಬೇಕು: ಸೋಂಕು ಹೇಗೆ ಹರಡುತ್ತದೆ ಎಂಬುದನ್ನು ಅದು ವಿವರಿಸುತ್ತದೆ, ಮುತ್ತು ಕಟ್ಟುವ ಪದ್ಧತಿ ಯಾಕೆ ಉಳಿಯುತ್ತದೆ ಅಥವಾ ಕುಗ್ಗುತ್ತದೆ ಎಂಬುದು ಅದರ ಹೊರಗಿದೆ.

ಪ್ರವಾಹದ ಮಾದರಿಗಳು ಇತ್ತೀಚಿನವು. ಕೃಷ್ಣಾ, ದೂಧಗಂಗಾ, ವೇದಗಂಗಾ ನದಿಗಳು 2005, 2019 ಮತ್ತು 2021ರಲ್ಲಿ ಈ ಸೀಮೆಯ ನದಿತೀರದ ಊರುಗಳನ್ನು ಮುಳುಗಿಸಿದವು. ಮೇಲ್ಭಾಗದ ಮಹಾರಾಷ್ಟ್ರದ ಸಾಂಗ್ಲಿ, ಕೊಲ್ಹಾಪುರದ ನೆರೆಗೆ ಕೃಷ್ಣೆಯ ಕೆಳಭಾಗದ ಆಲಮಟ್ಟಿ ಅಣೆಕಟ್ಟೆಯ ಹಿನ್ನೀರು ಕಾರಣವೇ ಎಂಬ ಪ್ರಶ್ನೆಗೆ, ಮಹಾರಾಷ್ಟ್ರವೇ ನೇಮಿಸಿದ್ದ ನಂದಕುಮಾರ್ ವಡ್ನೇರೆ ಸಮಿತಿ 2020ರಲ್ಲಿ ಅಲ್ಲ ಎಂದು ಉತ್ತರಿಸಿತು. ಆದರೂ ಅಣೆಕಟ್ಟೆಯ ಮಟ್ಟವನ್ನು 519.60ರಿಂದ 524.256 ಮೀಟರಿಗೆ ಏರಿಸುವುದಕ್ಕೆ ಆ ರಾಜ್ಯದ ವಿರೋಧ ನಿಂತಿಲ್ಲ. ನೀರು ಮತ್ತು ಸಮಾಜ ಎರಡನ್ನೂ ಒಂದೇ ಮಾದರಿಯಲ್ಲಿ ಹಿಡಿಯುವ ಸಾಮಾಜಿಕ ಜಲವಿಜ್ಞಾನಕ್ಕೆ ಮುರುಗೇಸು ಶಿವಪಾಲನ್ ಮತ್ತು ಸಂಗಡಿಗರು 2012ರಲ್ಲಿ ರೂಪ ಕೊಟ್ಟರು. ನೆರೆ ತಡೆಯುವ ದಂಡೆ ಎತ್ತರವಾದಷ್ಟೂ ಜನ ನದಿಗೆ ಹತ್ತಿರ ಬಂದು ನೆಲೆಸುತ್ತಾರೆ, ಅಪರೂಪದ ದೊಡ್ಡ ನೆರೆಯ ಹಾನಿ ಹೆಚ್ಚುತ್ತದೆ ಎಂಬುದು ಆ ಶಾಖೆಯ ಮುಖ್ಯ ವಿಚಾರಗಳಲ್ಲೊಂದು. ಆಲಮಟ್ಟಿಯ ವಾದ ಸಾಂಗ್ಲಿ ಮತ್ತು ಆಲಮಟ್ಟಿ ಎಂಬ ಎರಡು ತುದಿಗಳ ನಡುವೆಯೇ ನಡೆಯುತ್ತದೆ. ಚಿಕ್ಕೋಡಿ, ರಾಯಬಾಗ, ಅಥಣಿ, ಕಾಗವಾಡದ ನದಿತೀರದ ಹಳ್ಳಿಗಳು ಇರುವುದು ಆ ಎರಡರ ನಡುವೆ. ಮಳೆಗಾಲದಲ್ಲಿ ರಾಜಾಪುರ ಬ್ಯಾರೇಜಿನಿಂದ ಬಂದ ನೀರಿಗೆ ದೂಧಗಂಗೆಯ ಹರಿವು ಕೂಡಿಸಿ ಕಲ್ಲೋಳದ ಬಳಿ ಕೃಷ್ಣೆಯ ಒಟ್ಟು ಹರಿವನ್ನು ದಿನವೂ ಪ್ರಕಟಿಸಲಾಗುತ್ತದೆ, ಆ ಅಂಕಿ ಏರಿದಾಗ ಕಲ್ಲೋಳ–ಯಡೂರ ಸೇತುವೆಯ ಸಂಚಾರ ಬಂದಾಗುತ್ತದೆ.