ಹಸುಗೂಸಿನ ತಲೆಬುರುಡೆಯ ಬಿರುಕು: ವೆಬರ್ ಪ್ರಯೋಗದ ಮರುವಿಚಾರ

ವರ್ಷದೊಳಗಿನ ಕೂಸಿನ ತಲೆಬುರುಡೆ ಬಿರಿಯುವುದು ಹೆಚ್ಚಾಗಿ ನೆತ್ತಿಯ ಪಕ್ಕದ ಪೆರೈಟಲ್ ಎಲುಬಿನಲ್ಲಿ, ಒಂಟಿ ಗೆರೆಯಾಗಿ. ಮಿದುಳಿಗೆ ಪೆಟ್ಟಾಗದಿದ್ದರೆ ಬಹುಪಾಲು ತಾನಾಗಿ ಕೂಡಿಕೊಳ್ಳುತ್ತದೆ. ಇಷ್ಟರಲ್ಲಿ ತಕರಾರಿಲ್ಲ. ತಕರಾರಿರುವುದು ಕಾರಣದ ಬಗ್ಗೆ: ಮಗು ಮಂಚದಿಂದ ಬಿದ್ದದ್ದೋ, ಯಾರಾದರೂ ಹೊಡೆದದ್ದೋ?

ಮಂಚದಿಂದ ಬಿದ್ದ ಮಕ್ಕಳಿಗೆ ಗಂಭೀರ ಗಾಯವಾಗುವುದು ತೀರ ಅಪರೂಪವೆಂದು ಹೆಲ್ಫರ್ ಮತ್ತು ಸಂಗಡಿಗರು 1977ರಲ್ಲಿ ತೋರಿಸಿದ್ದರು. 1984ರಲ್ಲಿ ಇಂಗ್ಲೆಂಡಿನ ಹಾಬ್ಸ್ 2 ವರ್ಷದೊಳಗಿನ 89 ಮಕ್ಕಳನ್ನು (ದೌರ್ಜನ್ಯದ 29, ಅಪಘಾತದ 60) ಹೋಲಿಸಿ, ಕವಲೊಡೆದ, ಅಗಲವಾದ, ಒಂದಕ್ಕಿಂತ ಹೆಚ್ಚು ಎಲುಬಿಗೆ ಹಬ್ಬಿದ ಬಿರುಕು ಕಂಡರೆ ದೌರ್ಜನ್ಯವನ್ನು ಶಂಕಿಸಬೇಕೆಂದರು. ಅದೇ ವರ್ಷ ಜರ್ಮನಿಯ ವೆಬರ್ 15 ಶಿಶುಗಳ ಶವಗಳನ್ನು 82 ಸೆಂ.ಮೀ. ಎತ್ತರದಿಂದ ಕಲ್ಲು, ಕಾರ್ಪೆಟ್, ಲಿನೋಲಿಯಂ ನೆಲಗಳ ಮೇಲೆ ಬೀಳಿಸಿದರು. ಓದಲು ಮನಸ್ಸು ಒಪ್ಪದ ಪ್ರಯೋಗ, ಆದರೂ ಬದಿಗಿಡುವಂತಿಲ್ಲ. ಹದಿನೈದೂ ಬುರುಡೆಗಳು ಬಿರಿದಿದ್ದವು. ಮರುವರ್ಷ ಮೆತ್ತನೆಯ ಹಾಸಿನ ಮೇಲೆ ಬೀಳಿಸಿದ 35ರಲ್ಲಿ 5 ಮಾತ್ರ ಬಿರಿದವು.

ಈ ಅಂಕಿಗಳನ್ನು ಹೆಲ್ಫರ್ ಅಂಕಿಗಳ ಎದುರಾಳಿಯಾಗಿ ನಿಲ್ಲಿಸುವುದು ರೂಢಿ. ಅದು ಸರಿಯಲ್ಲ. ವೆಬರ್ ಪ್ರಯೋಗದಲ್ಲಿ ಅಡ್ಡಲಾಗಿ ಹಿಡಿದು ಬಿಟ್ಟ ದೇಹ ಯಾವ ತಡೆಯೂ ಇಲ್ಲದೆ ಸೆಕೆಂಡಿಗೆ ಸುಮಾರು 4 ಮೀಟರ್ ವೇಗದಲ್ಲಿ ನೆಲಕ್ಕೆ ಬಡಿಯುತ್ತದೆ. ಜೀವಂತ ಕೂಸು ಹೊರಳಿ ಬೀಳುತ್ತದೆ. ಭುಜವೋ ಪೃಷ್ಠವೋ ಮೊದಲು ತಾಗಬಹುದು. ಎಷ್ಟು ಸಲ ಬಿರಿಯುತ್ತದೆ ಎಂಬುದಕ್ಕೆ ವೆಬರ್ ಸಾಕ್ಷಿಯಲ್ಲ. ಬಿರಿಯಬಲ್ಲದು ಎಂಬುದಕ್ಕೆ ಮಾತ್ರ ಸಾಕ್ಷಿ. ಹೆಲ್ಫರ್ ವಿಷಯದಲ್ಲೂ ಇದೇ ಎಚ್ಚರ ಬೇಕು. ಬಿದ್ದವರಲ್ಲಿ ಬಿರುಕು ಅಪರೂಪವೆಂದಾಕ್ಷಣ, ಬಿರುಕಿರುವವರಲ್ಲಿ ಬಿದ್ದವರು ಅಪರೂಪವೆಂದು ಆಗುವುದಿಲ್ಲ. ಮಕ್ಕಳು ಬೀಳುವುದು ದಿನನಿತ್ಯದ ಮಾತು.

ಹಾಬ್ಸ್ ಅವರೊಂದಿಗೆ ನನ್ನ ಭಿನ್ನಾಭಿಪ್ರಾಯ ಇರುವುದು ಬಿರುಕಿನ ಆಕಾರದ ವಿಷಯದಲ್ಲಿ. ಬಿರುಕುಗಳು ಹೊರಟದ್ದು ಕಾಗದದಷ್ಟು ತೆಳುವಾದ, ನಡುವೆ ಮಜ್ಜೆಯ ಪದರವಿಲ್ಲದ ಎಲುಬಿನ ಜಾಗಗಳಿಂದ ಎಂದು ವೆಬರ್ ದಾಖಲಿಸಿದ್ದಾರೆ. ಕೆಲವು ಬಿರುಕುಗಳು ಸೂಚರನ್ನೂ (ಬುರುಡೆಯ ಎರಡು ಎಲುಬುಗಳು ಕೂಡುವ ಗೆರೆ) ದಾಟಿದ್ದವು. ಇಂಥ ತೆಳು ಎಲುಬು ಮೊದಲು ಬಾಗಿ, ಆಮೇಲೆ ಸೀಳುತ್ತದೆ. ಮಿಷಿಗನ್ ಸ್ಟೇಟ್ ವಿಶ್ವವಿದ್ಯಾಲಯದವರು ಹಂದಿಮರಿಗಳ ಬುರುಡೆಯ ಮೇಲೆ ನಡೆಸಿದ ಪರೀಕ್ಷೆಗಳಲ್ಲಿ ಒಂದೇ ಪೆಟ್ಟಿಗೆ, ಪೆಟ್ಟು ಬಿದ್ದಲ್ಲಿಂದ ದೂರದ ಸೂಚರ್ ಅಂಚಿನಲ್ಲೂ ಬಿರುಕು ಮೂಡಿತ್ತು. ಹಾಗಾಗಿ, ಬೇರೆ ಗಾಯಗಳಿಲ್ಲದಿದ್ದರೆ, ಹೇಳಿದ ಘಟನೆಗೂ ಗಾಯಕ್ಕೂ ತಾಳೆಯಿದ್ದರೆ, ಮಗು ಬಿದ್ದದ್ದು ಗಟ್ಟಿ ನೆಲಕ್ಕಾಗಿದ್ದರೆ, ಸೂಚರ್ ದಾಟಿದ ಬಿರುಕೊಂದನ್ನೇ ಹಿಡಿದು ಹೆತ್ತವರ ಮಾತನ್ನು ತಳ್ಳಿಹಾಕುವುದು ಬಹುಶಃ ಸಲ್ಲದು. ಹಂದಿಮರಿ ಮನುಷ್ಯನ ಕೂಸಲ್ಲ ಎಂಬುದೂ, ಶವದ ಎಲುಬು ಜೀವಂತ ಎಲುಬಿನಂತೆಯೇ ವರ್ತಿಸಬೇಕಿಲ್ಲ ಎಂಬುದೂ ನೆನಪಿರಲಿ. ರೆಟಿನಾದಲ್ಲಿ ರಕ್ತಸ್ರಾವವೋ ಪಕ್ಕೆಲುಬಿನ ಮುರಿತವೋ ಜೊತೆಗಿದ್ದರೆ ಈ ವಾದ ನಿಲ್ಲುವುದಿಲ್ಲ.

ಕಾಲದ ಪ್ರಶ್ನೆ ಇನ್ನೂ ಬಗೆಹರಿದಿಲ್ಲ. ಕೈಕಾಲಿನ ಎಲುಬು ಕೂಡುವಾಗ ಗಂಟುಗಟ್ಟುವಂತೆ ಬುರುಡೆಯ ಎಲುಬು ಗಂಟುಗಟ್ಟುವುದಿಲ್ಲ. ಬಿರುಕು ಎಂದಿನದೆಂದು ಎಕ್ಸ್‌ರೇ ನೋಡಿ ಖಚಿತವಾಗಿ ಹೇಳಲಾಗದು. ನಮ್ಮ ಮನೆಗಳ ಗಾರೆ, ಗ್ರಾನೈಟ್ ನೆಲಗಳಿಗೆ ವೆಬರ್ ಅಂಕಿಗಳನ್ನು ಅನ್ವಯಿಸುವ ಮೊದಲು, ಕೇಸ್ ಶೀಟಿನಲ್ಲಿ ‘ಮೇಲಿಂದ ಬಿದ್ದಿದೆ’ ಎಂಬುದರ ಜೊತೆಗೆ ಎತ್ತರ, ನೆಲ, ಮೊದಲು ತಾಗಿದ ಅಂಗ ಇವೂ ದಾಖಲಾಗಿರಬೇಕು.